ಹಲ್ಲಿನ ಫೈಲು ಓಡಿಸಿದ ಶೇಡಪ್ಪ

"ಗೊತ್ತಿಲ್ಲ" ಅನ್ನುವ ಮಾತು ಶೇಡಪ್ಪನ ಬಾಯಿಂದ ಹುಟ್ಟಿದಂದಿನಿಂದ ಹೊರಬಿದ್ದಿರಲಿಲ್ಲ. ದಾರಿಯಲ್ಲಿ ಯಾರಾದರೂ ಅಂಚೆ ಕಚೇರಿ ಎಲ್ಲಿ ಅಂತ ಕೇಳಿದರೆ, ತಾನು ಆ ಬೀದಿಗೆ ಮೊದಲ ಸಲ ಕಾಲಿಟ್ಟಿದ್ದರೂ ಸರಿ, ಠೀವಿಯಿಂದ ಕೈಯೆತ್ತಿ ಒಂದು ದಿಕ್ಕು ತೋರಿಸಿಬಿಡುತ್ತಿದ್ದ. ಹಾಗೆ ಹೋದವರಲ್ಲಿ ಕೆಲವರು ಇನ್ನೂ ನಡೆಯುತ್ತಲೇ ಇದ್ದಾರೆ ಅಂತ ಅವನ ಹೆಂಡತಿ ಹೇಳುವುದುಂಟು.

ಶೇಡಪ್ಪ ಅವನ ನಿಜವಾದ ಹೆಸರಲ್ಲ. ಹಲ್ಲಿನ ಸೆಟ್ಟು ತಯಾರು ಮಾಡುವ ಲ್ಯಾಬಿನಲ್ಲಿ ಅವನಿಗೆ ಬಣ್ಣ ಹೊಂದಿಸುವ ಕೆಲಸ. ಯಾರ ಬಾಯಿಗೆ ಹಾಲುಬಿಳುಪು, ಯಾರ ಬಾಯಿಗೆ ಟೀ ಕುಡಿದ ಬಿಳುಪು ಅಂತ ನೋಡಿ ಶೇಡ್ ನಂಬರು ಬರೆಯುತ್ತಿದ್ದ. ಅದಕ್ಕೇ ಎಲ್ಲರಿಗೂ ಅವನು ಶೇಡಪ್ಪ. ಮನೆಯಲ್ಲಿ ಹೆಂಡತಿಯೂ ಸಿಟ್ಟು ಬಂದಾಗ ಹಾಗೇ ಕರೆಯುತ್ತಿದ್ದಳು.

ಆ ದಿನಗಳಲ್ಲಿ ಅವಳಿಗೆ ಸಿಟ್ಟು ಬರುವುದಕ್ಕೆ ಕಾರಣವಿತ್ತು. ಅವಳ ಅಪ್ಪ ಎರಡು ದಿನ ಇದ್ದು ಹೋಗುತ್ತೇನೆ ಅಂತ ಬಂದವರು ಹಬ್ಬಿಕೊಂಡುಬಿಟ್ಟಿದ್ದರು. ಮನೆಗೆ ಇದ್ದದ್ದೇ ಒಂದು ಮಲಗುವ ಕೋಣೆ. ಅದು ಮಾವನ ಪಾಲಾಯಿತು. ಹೆಂಡತಿ ಸೋಫಾದ ಮೇಲೆ, ಶೇಡಪ್ಪ ಊಟದ ಮೇಜಿನ ಕೆಳಗೆ. ಬೆಳಿಗ್ಗೆ ಏಳುವಾಗ ದಿನಾ ಮೇಜಿಗೆ ತಲೆ ಕುಟ್ಟಿಕೊಂಡು ಅವನ ನೆತ್ತಿಯ ಮೇಲೆ ಒಂದು ಸಣ್ಣ ದಿಣ್ಣೆ ಕಾಯಂ ಆಗಿ ನೆಲೆಸಿತ್ತು.

ಮಾವ ರೈಲಿನಲ್ಲಿ ಟಿಕೆಟ್ ಕಲೆಕ್ಟರ್ ಆಗಿದ್ದು ನಿವೃತ್ತರಾದವರು. ಹೆಂಡತಿ ತೀರಿಕೊಂಡು ವರ್ಷಗಳೇ ಆಗಿದ್ದವು. ಈಗ ಅವರಿಗೊಂದು ಸಂಬಂಧ ಕೂಡಿ ಬಂದಿತ್ತು. ಆಕೆ ಟೈಪಿಂಗ್ ಶಾಲೆ ನಡೆಸಿ ನಿವೃತ್ತರಾದ ಮೇಡಂ, ಒಂಟಿ ಜೀವ, ದೊಡ್ಡ ಸ್ವಂತ ಮನೆ. ಇಬ್ಬರೂ ಹಗಲೂ ರಾತ್ರಿ ಫೋನಿನಲ್ಲಿ ಮೆಸೇಜು ಕಳಿಸಿಕೊಳ್ಳುತ್ತಿದ್ದರು. ಮೇಡಂ ಟೈಪು ಮಾಡುವ ವೇಗಕ್ಕೆ ಮಾವನ ಫೋನು ಮೇಜಿನ ಮೇಲೆ ಬುಗುರಿ ಹಾಗೆ ತಿರುಗುತ್ತಿತ್ತು. ಆದರೆ ಇನ್ನೂ ಒಬ್ಬರ ಮುಖ ಒಬ್ಬರು ಎದುರಿಗೆ ನೋಡಿರಲಿಲ್ಲ. ಒಂದು ಸಲ ಮಾವ ಮುಂದೂಡಿದರು, ಇನ್ನೊಂದು ಸಲ ಮೇಡಂ. ಕೊನೆಗೆ ಬರುವ ಭಾನುವಾರ ಸಂಜೆ ಅಂತ ನಿಗದಿಯಾಗಿತ್ತು.

"ಹಲ್ಲಿಲ್ದೆ ನಾನು ಹೋಗಲ್ಲ," ಅಂದರು ಮಾವ. ಹಲ್ಲಿಲ್ಲದ ಬಾಯಿಂದ ಮಾತಿಗಿಂತ ಗಾಳಿಯೇ ಹೆಚ್ಚು ಬರುತ್ತಿತ್ತು. ಇಲ್ಲಿ ಗಾಳಿ ಸೋಸಿ ಮಾತು ಮಾತ್ರ ಕೊಟ್ಟಿದೆ. "ಬಾಯಿ ಅಳತೆ ಕೊಟ್ಟು ಎಷ್ಟು ದಿನ ಆಯ್ತು ಅಳಿಯಂದಿರೇ? ಎಲ್ಲಿ ನನ್ನ ಹಲ್ಲು?"

"ಫೈಲು ಹೋಗ್ತಾ ಇದೆ ಮಾವ."

"ಎಲ್ಲಿಂದ ಎಲ್ಲಿಗೆ?"

"ಮುಂದಿನ ರೂಮಿಂದ ಹಿಂದಿನ ರೂಮಿಗೆ."

ಮಾವ ಹುಬ್ಬೇರಿಸಿದರು. "ಈ ದೇಶದ ಒಂದು ತುದಿಯಿಂದ ಇನ್ನೊಂದು ತುದಿಗೆ ಗೂಡ್ಸ್ ಗಾಡಿ ಹೋಗಿ ತಲುಪಿ, ವಾಪಸ್ ಬಂದು, ಡ್ರೈವರ್ ಸ್ನಾನ ಮಾಡಿ ಮಲಗಿರ್ತಿದ್ದ!"

"ರೀ, ನಿಮ್ಮ ಲ್ಯಾಬಲ್ಲಿ ಇದನ್ನೆಲ್ಲ ನೋಡ್ಕೊಳ್ಳೋರು ಯಾರೂ ಇಲ್ವಾ?" ಅಂದಳು ಹೆಂಡತಿ.

ಗೊತ್ತಿಲ್ಲ ಅನ್ನಲು ಬಾರದ ಶೇಡಪ್ಪ, "ನಾನೇ ನೋಡ್ಕೊಳ್ಳೋದು," ಅಂದುಬಿಟ್ಟ.

ಆಡಿದ ಮೇಲೆ ಹಿಂದೆ ಎಳೆದುಕೊಳ್ಳಲು ನೋಡಿದ. ಆಗಲೇ ಮಾವ ಅದನ್ನು ಮೇಡಂಗೆ ಮೆಸೇಜು ಮಾಡಿ ಆಗಿತ್ತು: ನಮ್ಮ ಅಳಿಯಂದಿರು ಕಂಪ್ಯೂಟರ್ ವಿಭಾಗದ ಮುಖ್ಯಸ್ಥರು.

ಲ್ಯಾಬಿನ ಕಥೆ ಹೀಗಿತ್ತು. ಚಪ್ಪಲಿ ಅಂಗಡಿಯ ಮೇಲಿನ ಮಹಡಿಯಲ್ಲಿ ಸಾಲಾಗಿ ಮೂರು ಕೋಣೆ. ಪಕ್ಕದ ಕಟ್ಟಡದ ಹಲ್ಲಿನ ಡಾಕ್ಟರು ಅಳತೆಗೆ ಅಂತ ಜನರನ್ನು ಕಳಿಸುತ್ತಿದ್ದರು. ಮುಂದಿನ ಕೋಣೆಯಲ್ಲಿ ಸ್ಕ್ಯಾನ್ ಅಕ್ಕ ಅವರ ಬಾಯೊಳಗೆ ಕಡ್ಡಿಯಂಥ ಕ್ಯಾಮೆರಾ ಆಡಿಸಿ, ಇಡೀ ಬಾಯನ್ನು ಒಂದು ಫೈಲು ಮಾಡುತ್ತಿದ್ದಳು. ಆ ಫೈಲು ನಡುವಿನ ಕೋಣೆಯಲ್ಲಿ, ಶೇಡಪ್ಪನ ಪಕ್ಕದ ಸ್ಟೂಲಿನ ಮೇಲೆ ಕೂತಿದ್ದ ಒಂದು ಕಪ್ಪು ಪೆಟ್ಟಿಗೆಗೆ ಬಂದು ಬೀಳುತ್ತಿತ್ತು. ಎಲ್ಲರಿಗೂ ಸೇರಿ ಅದೊಂದೇ ಪೆಟ್ಟಿಗೆ, ಪೆಟ್ಟಿಗೆಗೆ ಒಂದೇ ನೀಲಿ ತಂತಿ. ಶೇಡಪ್ಪ ಅದೇ ಪೆಟ್ಟಿಗೆಯಿಂದ ಬಾಯಿ ತೆಗೆದು ಬಣ್ಣ ನೋಡುತ್ತಿದ್ದ. ಹಿಂದಿನ ಕೋಣೆಯ ಮಿಷನ್ ಅಣ್ಣ ಅದೇ ಪೆಟ್ಟಿಗೆಯಿಂದ ಫೈಲು ಎಳೆದುಕೊಂಡು ಯಂತ್ರಕ್ಕೆ ಹಾಕಿ ಹಲ್ಲು ಕೆತ್ತಿಸುತ್ತಿದ್ದ.

ಮೂರು ವರ್ಷದಿಂದ ಆ ಪೆಟ್ಟಿಗೆ ಬಸವನಹುಳುವಿಗೇ ಹಾದಿ ಬಿಡುತ್ತಿತ್ತು. ಒಂದು ಬಾಯಿ ಅತ್ತಿಂದಿತ್ತ ಹೋಗುವಷ್ಟರಲ್ಲಿ ಆ ಬಾಯಿಯ ಒಡೆಯರು ಮನೆಗೆ ಹೋಗಿ, ಗಂಜಿ ಕುಡಿದು, ನಿದ್ದೆ ಮುಗಿಸಿ, ಫೋನ್ ಮಾಡಿ ಬೈಯುತ್ತಿದ್ದರು. ಪೆನ್ ಡ್ರೈವಿನಲ್ಲಿ ಹಾಕಿ ಕೈಯಲ್ಲಿ ಕೊಟ್ಟುಬಿಡೋಣ ಅಂದರೆ ಅದಕ್ಕೆ ಯಜಮಾನರು ನಿಷೇಧ ಹಾಕಿದ್ದರು. ಹಿಂದೊಮ್ಮೆ ಎರಡು ಪೆನ್ ಡ್ರೈವು ಅದಲು ಬದಲಾಗಿ, ಒಬ್ಬ ಕುಸ್ತಿ ಪೈಲ್ವಾನನಿಗೆ ಒಬ್ಬ ಬಡಕಲು ಹೆಡ್‌ಮಾಸ್ತರರ ಹಲ್ಲು ಹೋಗಿತ್ತು. ಪೈಲ್ವಾನ ನಕ್ಕರೆ ಪುಟ್ಟ ಮಗು ನಕ್ಕ ಹಾಗೆ ಕಾಣುತ್ತಿತ್ತಂತೆ. ಅವನು ಲ್ಯಾಬಿಗೆ ಬಂದು ನಗುತ್ತಲೇ ಮಿಷನ್ ಅಣ್ಣನನ್ನು ಎತ್ತಿ ಕಪಾಟಿನ ಮೇಲೆ ಕೂರಿಸಿ ಹೋದ. ಅವತ್ತೇ ಯಜಮಾನರು ಎಲ್ಲ ಕಂಪ್ಯೂಟರಿನ ಪೆನ್ ಡ್ರೈವ್ ತೂತುಗಳಿಗೂ ಹಲ್ಲಿನ ವಸಡು ಮಾಡುವ ಗುಲಾಬಿ ಮೇಣ ಮೆತ್ತಿಸಿದರು.

ಆ ವಾರದ ಮೊದಲ ದಿನ ಯಜಮಾನರು ಮೂರು ಕೋಣೆಯವರನ್ನೂ ನಡುವಿನ ಕೋಣೆಗೆ ಕರೆದರು. ಮುಖ ಊದಿಕೊಂಡಿತ್ತು.

"ಡಾಕ್ಟರು ಕೈಬಿಡ್ತೀನಿ ಅಂತಿದಾರೆ. ತಜ್ಞರನ್ನ ಕರೆಸಿದ್ರೆ ಹೊಸ ಪೆಟ್ಟಿಗೆ, ಹೊಸ ತಂತಿ, ಹೊಸ ಗೋಡೆ ಅಂತಾರೆ. ಇದಕ್ಕೊಂದು ದಾರಿ ಯಾರಿಗಾದ್ರೂ ಹೊಳೀತಾ?"

ಎಲ್ಲರೂ ಚಪ್ಪಲಿ ನೋಡಿಕೊಂಡರು. ಶೇಡಪ್ಪನೂ ನೋಡಿಕೊಂಡ. ಆದರೆ ಬಾಯಿ ಸುಮ್ಮನಿರಬೇಕಲ್ಲ.

"ಅದನ್ನ ನಂಗೆ ಬಿಡಿ ಸಾರ್."

ಇಡೀ ಕೋಣೆ ಅವನ ಕಡೆ ತಿರುಗಿತು. ಇನ್ನು ಏನಾದರೂ ಮಾಡಲೇಬೇಕು. ಶೇಡಪ್ಪ ತನ್ನ ಕಬ್ಬಿಣದ ಕುರ್ಚಿಯಿಂದ ಎದ್ದ. ಪೆಟ್ಟಿಗೆಯ ಸುತ್ತ ಒಂದು ಸುತ್ತು ಬಂದ. ಜ್ವರ ನೋಡುವವನ ಹಾಗೆ ಅದರ ಮೇಲೆ ಅಂಗೈಯಿಟ್ಟ. ಮನೆಯ ಚಾವಣಿ ಮೇಲಿನ ನೀರಿನ ಟ್ಯಾಂಕು ಯಾಕೋ ನೆನಪಾಯಿತು.

"ಸಾರ್, ಇದು ಇಷ್ಟು ತಗ್ಗಲ್ಲಿ ಕೂತ್ರೆ ಫೈಲು ಹರಿಯೋದು ಹೇಗೆ? ಟ್ಯಾಂಕ್ ನೆಲದ ಮೇಲಿಟ್ರೆ ನಲ್ಲೀಲಿ ನೀರು ಬರುತ್ತಾ?"

ಪೆಟ್ಟಿಗೆಯನ್ನು ಎತ್ತಿ ಕಿಟಕಿಯ ಮೇಲಿನ ಹಲಗೆಯ ಮೇಲಿಟ್ಟ. ಇಟ್ಟದ್ದೇ ತಡ, ಹಿಂದಿನ ಕೋಣೆಯಲ್ಲಿದ್ದ ಯಂತ್ರ ಟಣ್ ಅಂತು. ಮಿಷನ್ ಅಣ್ಣ ಓಡಿಹೋಗಿ ನೋಡಿ, ಅಲ್ಲಿಂದಲೇ ಕೂಗಿದ:

"ಬಂತು! ಬೆಳಿಗ್ಗೆಯಿಂದ ಎಳೀತಿದ್ದ ಬಾಯಿ ದಬಕ್ಕಂತ ಬಂತು! ಅದರ ಹಿಂದೆ ಇನ್ನೊಂದು! ಅಯ್ಯೋ, ಬಾಯಿ ಮೇಲೆ ಬಾಯಿ ಬೀಳ್ತಾ ಇದೆ ಅಣ್ಣಾ!"

ಎಲ್ಲರಿಗಿಂತ ಹೆಚ್ಚು ಆಶ್ಚರ್ಯವಾದದ್ದು ಶೇಡಪ್ಪನಿಗೇ. ಆದರೆ ಅದನ್ನು ಮುಖದ ಮೇಲೆ ಬರಗೊಡಲಿಲ್ಲ. ಯಜಮಾನರು ಟೀ ಬಿಸ್ಕತ್ತು ತರಿಸಿದರು. ಶೇಡಪ್ಪ ಕುರ್ಚಿಯಲ್ಲಿ ಹಾಯಾಗಿ ಒರಗಿ ಬಿಸ್ಕತ್ತು ಅದ್ದಿದನೋ ಇಲ್ಲವೋ, ಒಳಗಿಂದ ಕೂಗು ಬಂತು:

"ನಿಂತೋಯ್ತು!"

ಬಿಸ್ಕತ್ತು ಟೀಯಲ್ಲಿ ಮುಳುಗಿತು. ಶೇಡಪ್ಪ ದಡಕ್ಕನೆ ಎದ್ದ. "ಎತ್ತರ ಸಾಲದು! ಇನ್ನೂ ಮೇಲೆ!" ಸ್ಕ್ಯಾನ್ ಅಕ್ಕ ಸ್ಟೂಲು ಹಿಡಿದಳು, ಶೇಡಪ್ಪ ಪೆಟ್ಟಿಗೆಯನ್ನು ಕಪಾಟಿನ ತಲೆಯ ಮೇಲಿಟ್ಟ. "ಓಡ್ತು!" ಅಂತು ಹಿಂದಿನ ಕೋಣೆ. ಬೆವರು ಒರೆಸಿಕೊಂಡು ಕೂತ. "ನಿಂತೋಯ್ತು!" ಕಪಾಟಿನ ಮೇಲೆ ಒಂದು ರಟ್ಟಿನ ಡಬ್ಬ, ಅದರ ಮೇಲೆ ಪೆಟ್ಟಿಗೆ. "ಓಡ್ತು!" ಸಂಜೆಯ ಹೊತ್ತಿಗೆ ಪೆಟ್ಟಿಗೆ ಚಾವಣಿಗೆ ಅಂಟಿಕೊಂಡು, ಯಜಮಾನರ ಹಳೇ ಬೆಲ್ಟಿನಲ್ಲಿ ಫ್ಯಾನಿನ ಕೊಕ್ಕೆಗೆ ಜೋತುಬಿದ್ದಿತ್ತು. ಇನ್ನು ಮೇಲೆತ್ತಬೇಕಾದರೆ ಮೇಲಿನ ಮನೆಯವರನ್ನು ಖಾಲಿ ಮಾಡಿಸಬೇಕಿತ್ತು. ಶೇಡಪ್ಪನಿಗೆ ಎತ್ತಿ ಎತ್ತಿ ಸೊಂಟ ಹಿಡಿದು ಕೂರಲು ಆಗದೆ ಹೋದದ್ದರಿಂದ ಅವತ್ತು ಉಳಿದ ಕೆಲಸವೆಲ್ಲ ಗಾಳಿಯ ಹಾಗೆ ಸಾಗಿತು.

ಸುದ್ದಿ ಮೆಟ್ಟಿಲಿಳಿದು ಬೀದಿಗೆ ಬಂತು. ಚಪ್ಪಲಿ ಅಂಗಡಿಯವನು ಬಿಲ್ಲು ಮಾಡುವ ಕಂಪ್ಯೂಟರನ್ನು ಮೇಲಿನ ಶೆಲ್ಫಿಗೆ ಏರಿಸಿ, ಬಿಲ್ಲಿಗೊಂದು ಸಲ ಏಣಿ ಹತ್ತತೊಡಗಿದ. "ವ್ಯಾಪಾರ ಎರಡು ಪಟ್ಟಾಗಿದೆ," ಅಂತ ಏಣಿ ಮೇಲಿಂದ ಹೇಳುತ್ತಿದ್ದ. ನಿಜವೆಂದರೆ ಅವನು ಏಣಿ ಹತ್ತುವುದನ್ನು ನೋಡಲು ಜನ ಒಳಗೆ ಬರುತ್ತಿದ್ದರು. ಶೇಡಪ್ಪನ ಪಕ್ಕದ ಮನೆಯ ಟೈಲರಮ್ಮ ಹೊಲಿಗೆ ಯಂತ್ರವನ್ನು ಮಂಚದ ಮೇಲೇರಿಸಿಕೊಂಡಳು. ಕಟ್ಟಡದ ವಾಚ್‌ಮನ್ ಫೋನನ್ನು ಉದ್ದದ ಕೋಲಿಗೆ ಕಟ್ಟಿ, ಕೆಳಗೆ ನಿಂತು "ಹಲೋ, ಹಲೋ" ಅಂತ ಆಕಾಶದ ಜೊತೆ ಮಾತಾಡುತ್ತಿದ್ದ.

ಮನೆಯಲ್ಲಿ ಮಾವ ಅಳಿಯನನ್ನು ಮೊದಲ ಸಲ ಮೇಲಿಂದ ಕೆಳಗೆ ನೋಡಿ, "ಕೂತ್ಕೊಳ್ಳಿ ಅಳಿಯಂದಿರೇ," ಅಂದರು. "ಹಾಗಾದ್ರೆ ನನ್ನ ಹಲ್ಲು ಭಾನುವಾರದೊಳಗೆ?"

"ಸಾಲಲ್ಲಿದೆ ಮಾವ. ಮೂರು ವರ್ಷದ ಬಾಯಿ ಬಾಕಿ ಬಿದ್ದಿದಾವೆ. ಮಿಷನ್ ಅಣ್ಣ ಸಾಲು ಮುರಿಯಲ್ಲ. ಶನಿವಾರ ನಿಮ್ಮ ಸರದಿ."

"ಆಮೇಲೆ ಭಾನುವಾರ ಒಪ್ಪಿಗೆ ಆದ್ರೆ, ಅಪ್ಪ ಆ ಮನೆಗೇ ಹೋಗ್ತಾರಂತೆ ರೀ," ಅಂತ ಹೆಂಡತಿ ಅಡುಗೆಮನೆಯಲ್ಲಿ ಪಿಸುಗುಟ್ಟಿದಳು. ಶೇಡಪ್ಪ ಅವತ್ತು ರಾತ್ರಿ ಮೇಜಿನ ಕೆಳಗೆ ಮಲಗಿ, ಮಲಗುವ ಕೋಣೆಯ ಮುಚ್ಚಿದ ಬಾಗಿಲನ್ನು ಪ್ರೇಯಸಿಯನ್ನು ನೋಡುವ ಹಾಗೆ ನೋಡಿದ.

ಮಾರನೆಯ ದಿನ ಡಾಕ್ಟರರ ಒತ್ತಾಯಕ್ಕೆ ತಜ್ಞರು ಬಂದೇ ಬಂದರು. ಕೈಯಲ್ಲಿ ದೊಡ್ಡ ಚೀಲ, ಕತ್ತಿನಲ್ಲಿ ಗುರುತಿನ ಚೀಟಿ, ಮುಖದಲ್ಲಿ ಎಲ್ಲವನ್ನೂ ಕಿತ್ತು ಹೊಸದು ಹಾಕುವ ಕಳೆ. ಚಾವಣಿಯಿಂದ ಬೆಲ್ಟಿನಲ್ಲಿ ನೇತಾಡುತ್ತಿದ್ದ ಪೆಟ್ಟಿಗೆ ನೋಡಿ ಅವರ ಬಾಯಿ ತೆರೆದದ್ದು ತೆರೆದೇ ಇತ್ತು. ಸ್ಕ್ಯಾನ್ ಅಕ್ಕ ಅಭ್ಯಾಸಬಲದಿಂದ ಕ್ಯಾಮೆರಾ ಕಡ್ಡಿ ತಂದಳು.

"ಯಾರ್ರೀ ಇದನ್ನ ಹೀಗೆ ನೇಣು ಹಾಕಿದ್ದು?"

"ನಾನು," ಅಂತ ಶೇಡಪ್ಪ ಎದ್ದು ನಿಂತ. ದೊಡ್ಡವರ ಎದುರು ಕೂತು ಮಾತಾಡಿ ಅಭ್ಯಾಸವಿಲ್ಲ.

ತಜ್ಞರು ಅಳತೆ ಯಂತ್ರ ಚುಚ್ಚಿದರು. ನೋಡಿದರು. ಕನ್ನಡಕ ಒರೆಸಿ ಮತ್ತೆ ನೋಡಿದರು. "ಇಷ್ಟು ಚೆನ್ನಾಗಿ ನಮ್ಮ ಆಫೀಸಲ್ಲೂ ಓಡಲ್ಲ," ಅಂದರು ಮೆಲ್ಲಗೆ. "ಏನು ಮಾಡಿದ್ರಿ ಸಾರ್?"

ಸಾರ್ ಅನ್ನಿಸಿಕೊಂಡ ಶೇಡಪ್ಪನಿಗೆ ಅಮಲು ನೆತ್ತಿಗೇರಿತು. ಎತ್ತರ, ಇಳಿಜಾರು, ಹರಿವು, ಬಾಯಿಯ ತೂಕ, ಮೇಲ್ವಸಡು ಬೇಗ ಇಳಿಯುತ್ತೆ ಕೆಳವಸಡು ಸೋಮಾರಿ ಅಂತ ಏನೇನೋ ಹೇಳಿದ. ಹೇಳುತ್ತಿದ್ದಷ್ಟು ಹೊತ್ತೂ ನಿಂತೇ ಇದ್ದ. ಯಂತ್ರದ ಮುಳ್ಳು ಅಲುಗಾಡಲಿಲ್ಲ. ತಜ್ಞರಿಗೆ ಒಂದಕ್ಷರವೂ ಅರ್ಥವಾಗಲಿಲ್ಲ, ಆದ್ದರಿಂದ ಗೌರವ ಹೆಚ್ಚಾಯಿತು.

"ಯಾವುದು ಕಾರಣ ಅಂತ ನಂಗೆ ಗೊತ್ತಾಗ್ತಿಲ್ಲ," ಅಂದರು ಯಜಮಾನರಿಗೆ. "ಅದಕ್ಕೇ ಈ ಕೋಣೇಲಿ ಯಾವ ಸಾಮಾನೂ ಒಂದು ಕೂದಲೆಳೆಯಷ್ಟೂ ಅಲ್ಲಾಡಬಾರದು. ಈಗ ಹೇಗಿದೆಯೋ ಹಾಗೇ ಇರಬೇಕು." ಚೀಲದಿಂದ ಸೀಮೆಸುಣ್ಣ ತೆಗೆದು ಕಪಾಟಿನ ಕಾಲು, ಮೇಜಿನ ಕಾಲು, ಕಸದ ಬುಟ್ಟಿ, ಶೇಡಪ್ಪನ ಕುರ್ಚಿಯ ನಾಲ್ಕು ಕಾಲು, ಎಲ್ಲದರ ಸುತ್ತ ಗೆರೆ ಎಳೆದರು. ಗೆರೆ ಕಾಯುವ ಕೆಲಸ ಸ್ಕ್ಯಾನ್ ಅಕ್ಕನಿಗೆ ಬಂತು. ಕಸದ ಬುಟ್ಟಿಗೆ ಕಾಲು ತಾಗಿಸಿದವರನ್ನು ಅವಳು ಮೂರು ಕೋಣೆಗೂ ಕೇಳುವ ಹಾಗೆ ಬೈಯುತ್ತಿದ್ದಳು.

ತಜ್ಞರು ಮೆಟ್ಟಿಲಿಳಿದ ಮೇಲೆ ಶೇಡಪ್ಪ ಕೂತ. "ನಿಂತೋಯ್ತು!" ಬೆಚ್ಚಿ ಎದ್ದವನ ಕೈಯಿಂದ ಬಣ್ಣ ಹೊಂದಿಸುವ ಹಲ್ಲಿನ ಪಟ್ಟಿ ಜಾರಿ ಕುರ್ಚಿಯ ಕೆಳಗೆ ಬಿತ್ತು. ತೆಗೆಯಲು ಬಗ್ಗಿದ.

ಬಗ್ಗಿದವನು ಹಾಗೇ ಇದ್ದುಬಿಟ್ಟ.

ಪೆಟ್ಟಿಗೆಯ ನೀಲಿ ತಂತಿ ನೆಲದ ಚಾಪೆಯ ಅಂಚಿನಿಂದ ಇಣುಕಿ, ಅವನ ಕುರ್ಚಿಯ ಹಿಂದಿನ ಎಡಗಾಲಿನ ಕೆಳಗೆ ಹಾದು, ಮುಂದೆ ಹೋಗಿತ್ತು. ಕಾಲಿನ ರಬ್ಬರು ಯಾವ ಕಾಲದಲ್ಲೋ ಉದುರಿತ್ತು. ಕಬ್ಬಿಣದ ತುದಿಯ ಕೆಳಗೆ ತಂತಿ ಹಪ್ಪಳದ ಹಾಗೆ ಚಪ್ಪಟೆಯಾಗಿತ್ತು. ಶೇಡಪ್ಪ ಮೆಲ್ಲಗೆ ಕುರ್ಚಿಯನ್ನು ಕೈಯಿಂದ ಒತ್ತಿದ. "ನಿಂತೋಯ್ತು!" ಕೈ ತೆಗೆದ. "ಓಡ್ತು!" ಮತ್ತೆ ಒತ್ತಿದ. "ಅಯ್ಯೋ ಇದಕ್ಕೇನು ಬಂತು ರೋಗ!" ಅಂತು ಹಿಂದಿನ ಕೋಣೆ.

ಎಲ್ಲ ಹೊಳೆಯಿತು. ಮೂರು ವರ್ಷದ ಹಿಂದೆ ಅವನು ಕೆಲಸಕ್ಕೆ ಸೇರಿದ್ದು. ಮೂರು ವರ್ಷದಿಂದ ಪೆಟ್ಟಿಗೆ ನಿಧಾನ. ಊಟಕ್ಕೆ ಅವನು ಎದ್ದರೆ ಎಲ್ಲರೂ ಎದ್ದಿರುತ್ತಿದ್ದರು, ಯಾರಿಗೂ ತಿಳಿಯಲಿಲ್ಲ. ಹೆಂಡತಿಯ ತಂಗಿಯ ಮದುವೆಗೆ ರಜೆ ಹಾಕಿದ್ದಾಗ ಮಾತ್ರ ಕೆಲಸ ಓಡಿತ್ತು. ಮಾತಾಡುವವನು ಇಲ್ಲ ಅಂತ ಕೆಲಸ ಆಯಿತು ಎಂದುಕೊಂಡಿದ್ದರು ಎಲ್ಲರೂ. ಊರಿನ ಅರ್ಧ ಮುದುಕರು ಗಂಜಿ ಕುಡಿಯುತ್ತಿದ್ದದ್ದು ತಾನು ಆರಾಮಾಗಿ ಕೂತಿದ್ದರಿಂದ!

ಕುರ್ಚಿ ಸರಿಸೋಣ ಅಂತ ಅದರ ಬೆನ್ನಿಗೆ ಕೈ ಹಾಕಿದ.

"ಶೇಡಪ್ಪನವ್ರೇ! ಗೆರೆ!" ಸ್ಕ್ಯಾನ್ ಅಕ್ಕ ಬಾಗಿಲಲ್ಲಿ ನಿಂತಿದ್ದಳು.

"ಸ್ವಲ್ಪ ಈ ಕಡೆ..."

"ತಜ್ಞರಿಗೇ ಪಾಠ ಹೇಳಿದೋರು ನೀವು. ನೀವೇ ಗೆರೆ ದಾಟಿದ್ರೆ ನಾವೆಲ್ಲ ಏನು ಮಾಡ್ಬೇಕು?"

ಸತ್ಯ ಹೇಳೋಣ ಅಂತ ಬಾಯಿ ತೆರೆದ. ಅಷ್ಟರಲ್ಲಿ ಯಜಮಾನರು ಒಳಗೆ ಬಂದು ಬೆನ್ನು ತಟ್ಟಿದರು. "ಶನಿವಾರ ಮಧ್ಯಾಹ್ನ ನಿಮಗೊಂದು ಸನ್ಮಾನ ಇಟ್ಕೊಂಡಿದೀನಿ. ಮನೆಯವರನ್ನೆಲ್ಲ ಕರ್ಕೊಂಡು ಬನ್ನಿ." ತೆರೆದ ಬಾಯಿ ಹಾಗೇ ಮುಚ್ಚಿಕೊಂಡಿತು.

ಅವತ್ತಿನಿಂದ ಶೇಡಪ್ಪ ಕೂರುವುದನ್ನೇ ಬಿಟ್ಟ. ನಿಂತೇ ಬಣ್ಣ ನೋಡಿದ, ನಿಂತೇ ಟೀ ಕುಡಿದ, ಗೋಡೆಗೆ ಒರಗಿ ಕೊಕ್ಕರೆಯ ಹಾಗೆ ಒಂದು ಕಾಲಿಗೆ ರಜೆ ಕೊಟ್ಟು ಇನ್ನೊಂದು ಕಾಲಿನಲ್ಲಿ ಕೆಲಸ ಮಾಡಿದ. "ಏನು ನಿಷ್ಠೆ ನೋಡಿ!" ಅಂತ ಯಜಮಾನರು ಬಂದವರಿಗೆಲ್ಲ ತೋರಿಸಿದರು. ನೋಡಿ ನೋಡಿ ನಾಚಿಕೆಯಾಗಿ ಮಿಷನ್ ಅಣ್ಣನೂ ನಿಂತ, ಸ್ಕ್ಯಾನ್ ಅಕ್ಕನೂ ನಿಂತಳು. ಬಾಯಿ ತೋರಿಸಲು ಬಂದವರೂ ಏನೋ ಪದ್ಧತಿ ಇರಬೇಕು ಅಂತ ನಿಂತುಕೊಂಡೇ ಬಾಯಿ ತೆರೆದರು. ಮನೆಗೆ ಬಂದರೆ ಶೇಡಪ್ಪನ ಕಾಲುಗಳು ಮೇಜಿನ ಕೆಳಗೆ ಮಡಚಿಕೊಳ್ಳದೆ ಹೊರಗೆ ಚಾಚಿರುತ್ತಿದ್ದವು. ರಾತ್ರಿ ನೀರಿಗೆ ಎದ್ದ ಮಾವ ಎಡವಿ, "ಲಗೇಜ್ ದಾರೀಲಿ ಇಡಬಾರದು," ಅಂತ ಗದರಿ ಹೋದರು.

ಶನಿವಾರ ಬಂತು. ನಡುವಿನ ಕೋಣೆಯಲ್ಲಿ ಬಣ್ಣದ ಕಾಗದ ಅಂಟಿಸಿದ್ದರು. ಹೆಂಡತಿ ಒಳ್ಳೆಯ ಸೀರೆ ಉಟ್ಟಿದ್ದಳು. ಮಾವ ಹಳೆಯ ಕಪ್ಪು ಕೋಟು ಹಾಕಿ, ಮೀಸೆಯನ್ನು ಬಾಯಿ ಮುಚ್ಚುವಷ್ಟು ಕೆಳಗೆ ಬಾಚಿಕೊಂಡಿದ್ದರು. ತಜ್ಞರೂ ಚಪ್ಪಲಿ ಅಂಗಡಿಯವನೂ ಬಂದಿದ್ದರು. ಮಿಷನ್ ಅಣ್ಣ ಬಾಗಿಲಿಂದ ತಲೆ ಹಾಕಿ ಹೇಳಿದ: "ಶೇಡಪ್ಪಣ್ಣಾ, ನಿಮ್ಮ ಮಾವನವ್ರ ಸರದಿ ಬಂತು. ಫೈಲು ಎಳೀತಿದೀನಿ. ಈಗ ಯಂತ್ರಕ್ಕೆ ಹಾಕಿದ್ರೆ ಸಂಜೆ ಬಾಗಿಲು ಹಾಕೋ ಹೊತ್ತಿಗೆ ಹಲ್ಲು ಕೈಲಿ. ತಡ ಆದ್ರೆ ಮಾತ್ರ ಸೋಮವಾರಾನೇ."

"ತಡ ಯಾಕಾಗುತ್ತೆ? ನಾನು ನಿಂತಿದೀನಲ್ಲ," ಅಂದ ಶೇಡಪ್ಪ. ಯಾರಿಗೂ ಅರ್ಥವಾಗಲಿಲ್ಲ.

ಆಗ ಯಜಮಾನರು ಚಪ್ಪಾಳೆ ತಟ್ಟಿದರು. ನಾಲ್ಕು ಜನ ಹೊತ್ತುಕೊಂಡು ಒಂದು ಕುರ್ಚಿ ತಂದರು. ಕುರ್ಚಿಯೆಂದರೆ ಕುರ್ಚಿಯೇ? ತೇಗದ ಮರ, ಕೈಗೆ ಕೆತ್ತನೆ, ಕೆಂಪು ಮೆತ್ತೆ, ಒಂದು ಸಣ್ಣ ಕರುವಿನಷ್ಟು ಭಾರ. "ಇಷ್ಟು ದಿನ ನಮಗೋಸ್ಕರ ನಿಂತವರು ಇನ್ನು ಮೇಲೆ ಇದರಲ್ಲಿ ಕೂರಬೇಕು," ಅಂದರು ಯಜಮಾನರು. ಸ್ಕ್ಯಾನ್ ಅಕ್ಕ ಹಳೇ ಕುರ್ಚಿ ಎತ್ತಿಸಿ, ಮಂಡಿಯೂರಿ ಹೊಸ ಕುರ್ಚಿಯ ನಾಲ್ಕು ಕಾಲನ್ನೂ ಸೀಮೆಸುಣ್ಣದ ಗೆರೆಯೊಳಗೆ ಅಚ್ಚುಕಟ್ಟಾಗಿ ಕೂರಿಸಿದಳು. ಪುಣ್ಯಕ್ಕೆ ಕಾಲಿಗೆ ದಪ್ಪ ಬಟ್ಟೆ ಸುತ್ತಿದ್ದರಿಂದ ತಂತಿ ಇನ್ನೂ ಉಸಿರಾಡುತ್ತಿತ್ತು.

"ಕೂತ್ಕೊಳ್ಳಿ ಶೇಡಪ್ಪ."

"ಬೇಡ ಸಾರ್."

"ಸಂಕೋಚ ಬೇಡ, ಕೂತ್ಕೊಳ್ಳಿ."

"ಸಾರ್, ಕೂರೋದು ನಂಗೆ ಆಗಿಬರಲ್ಲ."

"ರೀ, ಎಲ್ಲರೂ ನೋಡ್ತಿದಾರೆ, ಕೂತ್ಕೊಳ್ರೀ!" ಅಂತ ಹೆಂಡತಿ ತೋಳು ಜಗ್ಗಿದಳು. ಶೇಡಪ್ಪ ಬೆವೆತ. ದೊಡ್ಡವರನ್ನು ಮುಂದೆ ಬಿಟ್ಟು ತಪ್ಪಿಸಿಕೊಳ್ಳೋಣ ಅಂತ, ಹಿಂದೆ ಮುಂದೆ ನೋಡದೆ ಅಂದುಬಿಟ್ಟ:

"ಹಿರಿಯರು ಇರುವಾಗ ನಾನು ಹೇಗೆ ಕೂರಲಿ ಸಾರ್? ನಮ್ಮ ಮಾವ ಇದಾರಲ್ಲ..."

ಎಲ್ಲರ ಕಣ್ಣೂ ತೇವವಾಯಿತು. "ಎಂಥ ಅಳಿಯ!" ಅಂದರು ತಜ್ಞರು. ಮಾವ ಕೋಟು ಸರಿಮಾಡಿಕೊಂಡು ಗತ್ತಿನಿಂದ ನಡೆದು ಬಂದು ಧೊಪ್ಪನೆ ಕೂತರು.

"ನಿಂತೋಯ್ತು!" ಹಿಂದಿನ ಕೋಣೆಯ ಕೂಗು. "ಶೇಡಪ್ಪಣ್ಣಾ, ಮೇಲಿನ ಸಾಲು ಬಂದಿದೆ, ಕೆಳಗಿನ ಸಾಲು ದಾರೀಲಿ ನಿಂತೋಯ್ತು!"

ಶೇಡಪ್ಪ ಕುರ್ಚಿಯ ಹತ್ತಿರ ಓಡಿದ. "ಮಾವ, ಸ್ವಲ್ಪ ಏಳಿ."

"ಯಾಕೆ?"

"ಸುಮ್ನೆ ಏಳಿ ಮಾವ."

"ಸುಮ್ನೆ ಏಳೋದಾ?" ಮಾವ ಕುರ್ಚಿಯ ಕೈಗಳನ್ನು ಭದ್ರವಾಗಿ ಹಿಡಿದುಕೊಂಡರು. "ಸರ್ವಿಸ್ ಪೂರ್ತಿ ಜನರನ್ನ ಸೀಟಿಂದ ಎಬ್ಬಿಸಿದವನು ನಾನು. ಒಬ್ಬರನ್ನಾದ್ರೂ ಕಾರಣ ಇಲ್ದೆ ಎಬ್ಬಿಸಿಲ್ಲ. ಕಾರಣ ತೋರಿಸಿ, ಏಳ್ತೀನಿ."

"ಅಲ್ಲೊಂದು ಸೊಳ್ಳೆ..."

"ಅದು ಕಾರಣ ಅಲ್ಲ."

"ಫೋಟೋ ತೆಗೀತಾರಂತೆ, ನಿಂತ್ಕೊಂಡು..."

"ಕೂತೇ ಚೆನ್ನಾಗಿ ಬರ್ತೀನಿ."

"ಇನ್ನೂ ನಿಂತೇ ಇದೆ!" ಅಂತು ಹಿಂದಿನ ಕೋಣೆ. "ಈಗ ಬರದಿದ್ರೆ ಮುಂದಿನ ಬಾಯಿ ಹಾಕ್ತೀನಿ ಅಣ್ಣಾ! ಸೋಮವಾರ ನೋಡ್ಕೊಳ್ಳೋಣ!"

ಶೇಡಪ್ಪ ಒಂದು ಕಡೆ ಹೊಸ ಕುರ್ಚಿ, ಬಣ್ಣದ ಕಾಗದ, ಯಜಮಾನರ ನಗುಮುಖ ನೋಡಿದ. ಇನ್ನೊಂದು ಕಡೆ ಅವನ ಕಣ್ಣ ಮುಂದೆ ಮಲಗುವ ಕೋಣೆಯ ಬಾಗಿಲು ಮೆಲ್ಲಗೆ ಮುಚ್ಚಿಕೊಳ್ಳುತ್ತಿತ್ತು. ಗಂಟಲು ಹರಿಯುವ ಹಾಗೆ ಕೂಗಿದ:

"ಮಾವ! ನೀವು ನಿಮ್ಮ ಹಲ್ಲಿನ ಮೇಲೇ ಕೂತಿದೀರ!"

ಮಾವ ಚೇಳು ಕುಟುಕಿದವರ ಹಾಗೆ ಹಾರಿ ನಿಂತು, ಮೆತ್ತೆಯ ಮೇಲೆಲ್ಲ ಕೈಯಾಡಿಸಿ ಹುಡುಕಿದರು. ಒಳಗಿಂದ ಟಣ್ ಅಂತು. "ಬಂತು! ಕೆಳಗಿನ ಸಾಲೂ ಬಂತು! ಯಂತ್ರಕ್ಕೆ ಹಾಕ್ದೆ!"

ಶೇಡಪ್ಪ ನೆಲದ ಮೇಲೆ ಕುಕ್ಕರಿಸಿ, ಹೊಸ ಕುರ್ಚಿಯ ಹಿಂದಿನ ಎಡಗಾಲನ್ನು ಎತ್ತಿ, ಚಪ್ಪಟೆಯಾದ ತಂತಿ ತೋರಿಸಿದ. "ಎತ್ತರಾನೂ ಇಲ್ಲ, ಇಳಿಜಾರೂ ಇಲ್ಲ ಸಾರ್. ಮೂರು ವರ್ಷದಿಂದ ನಾನೇ ಇದರ ಮೇಲೆ ಕೂತಿದ್ದೆ. ನಾನು ಎದ್ರೆ ಓಡುತ್ತೆ, ಕೂತ್ರೆ ನಿಲ್ಲುತ್ತೆ. ಇಷ್ಟೇ ವಿದ್ಯೆ."

ಯಜಮಾನರು ತಂತಿ ನೋಡಿದರು, ಶೇಡಪ್ಪನನ್ನು ನೋಡಿದರು, ಚಾವಣಿಯಲ್ಲಿ ತಮ್ಮ ಬೆಲ್ಟು ನೋಡಿದರು. ಆಮೇಲೆ ಹೋಗಿ ಕುರ್ಚಿಯಲ್ಲಿ ಕೂತು, "ಹೇಗಿದೆ?" ಅಂತ ಕೂಗಿದರು.

"ನಿಂತೋಯ್ತು!"

ಎದ್ದರು. "ಈಗ?"

"ಓಡ್ತು!"

ಕೂತರು. ಎದ್ದರು. ಕೂತರು. ಮೂರು ವರ್ಷದ ಬೈಗುಳ, ನಷ್ಟ, ಡಾಕ್ಟರರ ಫೋನು ಎಲ್ಲ ಸೇರಿ ಹೊಟ್ಟೆಯಿಂದ ನಗುವಾಗಿ ಬಂತು. ನಕ್ಕು ನಕ್ಕು ಕಣ್ಣೀರಿಟ್ಟರು. "ನಂಗೊಂದ್ಸಲ, ನಂಗೊಂದ್ಸಲ" ಅಂತ ಚಪ್ಪಲಿ ಅಂಗಡಿಯವನು ಕೂತ. ಸ್ಕ್ಯಾನ್ ಅಕ್ಕ ಕೂತಳು. ತಜ್ಞರು ಮಾತ್ರ ಗೋಡೆ ಹಿಡಿದುಕೊಂಡು, "ಆ ಕುರ್ಚಿ ಕಾಲಿಗೆ ಗೆರೆ ಹಾಕಿದ್ದು ನಾನೇ," ಅಂತ ಗೊಣಗುತ್ತಿದ್ದರು.

ಈ ಗಲಾಟೆಯ ನಡುವೆ ಬಾಗಿಲಲ್ಲಿ ಒಬ್ಬರು ಬಂದು ನಿಂತದ್ದು ಯಾರಿಗೂ ತಿಳಿಯಲಿಲ್ಲ. ಬಿಳಿ ಕೂದಲು, ನೆಟ್ಟನೆ ಬೆನ್ನು, ಬಾಯಿಗೆ ಅಡ್ಡ ಹಿಡಿದ ಕರ್ಚೀಫು. ಕರ್ಚೀಫಿನ ಹಿಂದಿನಿಂದ ದನಿ ಬಂತು:

"ಏನ್ರೀ ಇದು, ಹಲ್ಲು ಮಾಡೋ ಜಾಗಾನಾ, ಕುರ್ಚಿ ಆಟ ಆಡೋ ಜಾಗಾನಾ? ನನ್ನ ಸೆಟ್ಟು ಎಲ್ಲಿ? ಒಂದು ಸಲ ಆಗಲೇ ಮುಂದೂಡಿದೀನಿ. ನಾಳೆ ನಾನು ಒಬ್ಬರ ಮುಂದೆ ನಗಬೇಕು!"

"ಅಯ್ಯೋ, ಟೈಪಿಂಗ್ ಮೇಡಂ! ನಿಮ್ಮದು ಮುಂದಿನ ಸರದೀನೇ," ಅಂತ ಸ್ಕ್ಯಾನ್ ಅಕ್ಕ ಓಡಿದಳು.

ಮಾವನ ಕೈ ತಾನಾಗಿ ಬಾಯಿಗೆ ಹೋಯಿತು. ಮೀಸೆ ಸಾಲದಾಯಿತು. ಆದರೆ ಕೋಟು, ಕನ್ನಡಕ, ಎದೆಯ ಮೇಲಿದ್ದ ಹಳೇ ರೈಲ್ವೆ ಬಿಲ್ಲೆ ಮೇಡಂ ಕಣ್ಣಿಗೆ ಬಿದ್ದಾಗಿತ್ತು. ಮೆಸೇಜಿನಲ್ಲಿ ಬಂದ ಫೋಟೋದಲ್ಲಿ ಇದ್ದದ್ದೂ ಅದೇ ಬಿಲ್ಲೆ.

"ಟಿಕೆಟ್ ಸಾಹೇಬ್ರಾ?"

"ಮೇಡಂ..." ಅಂದರು ಮಾವ, ಬೆರಳ ಸಂದಿಯಿಂದ.

ಇಬ್ಬರೂ ಬಾಯಿ ಮುಚ್ಚಿಕೊಂಡು ಒಬ್ಬರನ್ನೊಬ್ಬರು ನೋಡುತ್ತ ನಿಂತರು. ಮಾವನ ಹುಬ್ಬು ಮೊದಲು ಅಲುಗಿತು. ಮೇಡಂ ಭುಜ ಕುಲುಕಿತು. ಕರ್ಚೀಫು ಕೆಳಗಿಳಿಯಿತು, ಕೈಯೂ ಇಳಿಯಿತು. ಒಂದೇ ಒಂದು ಹಲ್ಲೂ ಇಲ್ಲದ ಎರಡು ಬಾಯಿ ಅಗಲವಾಗಿ ತೆರೆದು, ಅಷ್ಟು ದಿನದ ನಗು ಒಟ್ಟಿಗೇ ಹೊರಬಿತ್ತು. ಹೆಂಡತಿ ಶೇಡಪ್ಪನ ಕೈಯನ್ನು ಮುರಿಯುವ ಹಾಗೆ ಹಿಸುಕಿದಳು.

ಸ್ವಲ್ಪ ಹೊತ್ತಿನಲ್ಲಿ ಇಬ್ಬರೂ ಮುಂದಿನ ಕೋಣೆಯ ಬೆಂಚಿನ ಮೇಲೆ ಕೂತಿದ್ದರು. ಟೈಪು ಮಾಡಿ ಮುಗಿಯದ ಮಾತೆಲ್ಲ ಗಾಳಿ ತುಂಬಿಕೊಂಡು ಹೊರಡುತ್ತಿತ್ತು. ಒಬ್ಬರಿಗೊಬ್ಬರದ್ದು ಪೂರ್ತಿ ಅರ್ಥವಾಗುತ್ತಿತ್ತು. ಮಿಷನ್ ಅಣ್ಣ ತಲೆ ಹಾಕಿ, "ಸಾಹೇಬ್ರದ್ದು ಯಂತ್ರದಲ್ಲಿದೆ. ಮೇಡಂ ಅವರದ್ದೂ ಈಗಲೇ ಎಳೆದುಬಿಡ್ತೀನಿ. ಇಬ್ಬರೂ ಬೇಗ ಬೇಗ ಹಾಕ್ಕೊಂಡು ಮನೆಗೆ ಹೋಗ್ಬಹುದು," ಅಂದ.

ಮಾವನ ನಗು ಕೊಂಚ ಬಾಡಿತು. ಎದ್ದು ನಡುವಿನ ಕೋಣೆಗೆ ಬಂದು, ಶೇಡಪ್ಪನ ಕಿವಿಯಲ್ಲಿ ಹೇಳಿದರು:

"ಅಳಿಯಂದಿರೇ, ಇಷ್ಟು ದಿನ ನಿಂತು ನಿಂತು ಕಾಲು ಸೋತಿರಬೇಕು. ಸ್ವಲ್ಪ ಹೊತ್ತು ಕೂತ್ಕೊಳ್ಳಿ."

"ಮಾವ, ಕೂತ್ರೆ ಮೇಡಂ ಫೈಲು..."

"ಕೂತ್ಕೊಳ್ಳಿ ಅಂದೆ."

ಶೇಡಪ್ಪ ಕೂತ. ಕೆಂಪು ಮೆತ್ತೆ ಅವನನ್ನು ಸೊಂಟದವರೆಗೂ ಒಳಗೆ ಎಳೆದುಕೊಂಡಿತು. "ನಿಂತೋಯ್ತು!" ಅಂತ ಹಿಂದಿನ ಕೋಣೆ ಕೂಗಿತು. ಮುಂದಿನ ಕೋಣೆಯಲ್ಲಿ ಮತ್ತೆ ನಗು ಶುರುವಾಯಿತು. ಯಜಮಾನರು ಬಾಗಿಲ ಸಂದಿಯಿಂದ ಬೆಂಚಿನ ಕಡೆ ಇಣುಕಿ ನೋಡಿದರು. ಆಮೇಲೆ ಸದ್ದಿಲ್ಲದೆ ಬಂದು, ಶೇಡಪ್ಪನ ಪಕ್ಕ ನಿಂತು, ತಮ್ಮದೂ ಒಂದು ಕಾಲನ್ನು ನೀಲಿ ತಂತಿಯ ಮೇಲೆ ಊರಿದರು.